ಬ್ಲಾಕ್ ತೆರೆದ ಮೇಲೆ ಬಡಿತ ಹದ ತಪ್ಪಿದ್ದೇಕೆ? ಇಂಜೆಕ್ಷನ್ನಿನ ತಪ್ಪೇ?

ಪ್ರಶ್ನೆ: ಡಾಕ್ಟರೇ, ನಮ್ಮದು ಸಕಲೇಶಪುರ ತಾಲ್ಲೂಕು, ಕಾಫಿ ತೋಟ. ಅಪ್ಪನಿಗೆ 58 ವರ್ಷ, ತೂಕ 68 ಕಿಲೋ. ಮೂರು ವಾರದ ಹಿಂದೆ ಬೆಳಗಿನ ಜಾವ ಐದೂವರೆಗೆ ಎದೆ ಹಿಡಿದುಕೊಂಡಿತು. ಗ್ಯಾಸ್ಟ್ರಿಕ್ ಇರಬೇಕು ಅಂತ ಜೀರಿಗೆ ಕಷಾಯ ಕೊಟ್ಟೆವು. ಮೈಯೆಲ್ಲ ಬೆವರಿದ ಮೇಲೆ ಜೀಪಿನಲ್ಲಿ ಕೂರಿಸಿಕೊಂಡು ಸಕಲೇಶಪುರದ ಸರ್ಕಾರಿ ಆಸ್ಪತ್ರೆಗೆ ಹೋದಾಗ ಎಂಟು ಗಂಟೆ. ಇಸಿಜಿ ತೆಗೆದು ಮುಂಭಾಗಕ್ಕೆ ದೊಡ್ಡ ಅಟ್ಯಾಕ್ ಅಂದರು, ಎಂಟೂವರೆಗೆ ಹೆಪ್ಪು ಕರಗಿಸುವ ಇಂಜೆಕ್ಷನ್ ಹಾಕಿದರು. ಮುಕ್ಕಾಲು ಗಂಟೆಯಲ್ಲಿ ನೋವು ಇಳಿಯಿತು. ಆದರೆ ಅದೇ ಹೊತ್ತಿಗೆ ಮಾನಿಟರಿನಲ್ಲಿ ಗೆರೆ ಅಗಲ ಅಗಲವಾಗಿ ಬರತೊಡಗಿತು, ಬಡಿತ 85 ಇತ್ತು. ಡಾಕ್ಟರು 'ಇದು ಒಳ್ಳೇ ಲಕ್ಷಣ' ಎಂದು ಸುಮ್ಮನಿದ್ದರು. ಆಂಬುಲೆನ್ಸಿನಲ್ಲಿ ಹಾಸನಕ್ಕೆ ಕರೆತಂದ ಮೇಲೆ ಹನ್ನೊಂದು ಗಂಟೆ ಹೊತ್ತಿಗೆ ಐಸಿಯುನಲ್ಲಿ ಇದ್ದಕ್ಕಿದ್ದಂತೆ ಪ್ರಜ್ಞೆ ತಪ್ಪಿತು, ಒಂದು ಸಲ ಶಾಕ್ ಕೊಟ್ಟು ಉಳಿಸಿದರು. ಮಾರನೇ ದಿನ ಆಂಜಿಯೋಗ್ರಾಂ ಮಾಡಿ ಒಂದು ಸ್ಟೆಂಟ್ ಹಾಕಿದರು. ಐದನೇ ದಿನದ ಎಕೋದಲ್ಲಿ (ಹೃದಯದ ಸ್ಕ್ಯಾನ್) ಪಂಪಿಂಗ್ ಶೇಕಡ 38 ಇದೆಯಂತೆ. ಈಗ ರಾತ್ರಿ ಮಲಗಿದಾಗ ಬಡಿತ ತಪ್ಪಿದಂತೆ ಆಗುತ್ತದೆ ಅನ್ನುತ್ತಾರೆ. ನಾಡಿ 54 ಇರುವುದರಿಂದ ಬಡಿತ ಇಳಿಸುವ ಮೆಟೊಪ್ರೊಲಾಲ್ ಮಾತ್ರೆ ನಿಲ್ಲಿಸೋಣವೇ ಎಂಬ ಯೋಚನೆ ಇದೆ. ನಮ್ಮ ಭಾವನವರು 'ಆ ಇಂಜೆಕ್ಷನ್ನಿಂದಲೇ ಹೃದಯ ಕೆಟ್ಟಿದ್ದು, ಸೀದಾ ಮೈಸೂರಿಗೆ ಹೋಗಬೇಕಿತ್ತು' ಎನ್ನುತ್ತಿದ್ದಾರೆ. ಇನ್ನೊಬ್ಬರು ಈಗಲೇ ಪೇಸ್‌ಮೇಕರ್ ಹಾಕಿಸಿ ಎನ್ನುತ್ತಾರೆ. ಏನು ಮಾಡುವುದು?

ಉತ್ತರ: ನೀವು ಹೊತ್ತುಹೊತ್ತಿಗೆ ಏನಾಯಿತೆಂದು ಬರೆದಿರುವುದರಿಂದ ಉತ್ತರ ಹೇಳುವುದು ಸುಲಭವಾಯಿತು. ಇಂಜೆಕ್ಷನ್ ಅಪ್ಪನ ಹೃದಯವನ್ನು ಕೆಡಿಸಿತೇ, ಅಂದು ಕಂಡ ಎರಡು ಘಟನೆಗಳು ಮನೆಯಲ್ಲಿ ಮತ್ತೆ ಬರುತ್ತವೆಯೇ, ಅದಕ್ಕಾಗಿ ಈಗಲೇ ಯಂತ್ರ ಹಾಕಿಸಬೇಕೇ: ಇವು ನಿಮ್ಮ ಚಿಂತೆಗಳು. ಮೊದಲನೆಯದಕ್ಕೆ ಉತ್ತರ, ಇಲ್ಲ. ಎರಡನೆಯದಕ್ಕೆ, ಆ ಎರಡು ಘಟನೆಗಳು ನಡೆದ ಹೊತ್ತನ್ನು ನೋಡಿದರೆ ಮರುಕಳಿಸುವ ಸಂಭವ ನೀವು ಹೆದರಿರುವುದಕ್ಕಿಂತ ಬಹಳ ಕಡಿಮೆ. ಯಂತ್ರದ ತೀರ್ಮಾನಕ್ಕೆ ಇನ್ನೂ ಕಾಲ ಬಂದಿಲ್ಲ. ಕಾಯುವುದರಲ್ಲಿ ಉದಾಸೀನವೇನೂ ಇಲ್ಲ, ಅದಕ್ಕೆ ಕಾರಣವಿದೆ, ಮುಂದೆ ಹೇಳುತ್ತೇನೆ.

ಭಾವನವರ ಮಾತಿನಿಂದಲೇ ಶುರು ಮಾಡೋಣ. 2025ರ ಮೇ-ಜೂನ್‌ನಲ್ಲಿ ಹಾಸನ ಜಿಲ್ಲೆಯ ಹೃದಯಾಘಾತದ ಸಾವುಗಳು ರಾಜ್ಯಕ್ಕೆಲ್ಲ ಸುದ್ದಿಯಾಗಿ, ಸರ್ಕಾರ ತಜ್ಞರ ಸಮಿತಿ ನೇಮಿಸಿ, ಜನ ಮೈಸೂರಿನ ಜಯದೇವ ಆಸ್ಪತ್ರೆ ಮುಂದೆ ಬೆಳಗಿನಿಂದ ಸಾಲು ನಿಂತ ದಿನಗಳಿಂದಲೂ 'ದೊಡ್ಡ ಆಸ್ಪತ್ರೆಗೆ ಸೀದಾ ಹೋಗಬೇಕು' ಎಂಬ ಮಾತು ನಮ್ಮ ಕಡೆ ಗಟ್ಟಿಯಾಗಿದೆ. ಪರೀಕ್ಷೆಗೆ ಹೋಗುವವರಿಗೆ ಅದು ಸರಿ. ಎದೆನೋವು ಹತ್ತಿದವರಿಗೆ ಸರಿಯಲ್ಲ. ಸಕಲೇಶಪುರದಿಂದ ಮೈಸೂರು ನೂರೈವತ್ತು ಕಿಲೋಮೀಟರಿಗೂ ಮೇಲೆ. ಎಂಟು ಗಂಟೆಗೆ ಹೊರಟಿದ್ದರೆ ರಸ್ತೆಯಲ್ಲೇ ಮೂರು ಗಂಟೆ ಕಳೆಯುತ್ತಿತ್ತು, ಅಲ್ಲಿ ದಾಖಲಾಗಿ ಬಲೂನು ರಕ್ತನಾಳದೊಳಗೆ ಹೋಗುವ ಹೊತ್ತಿಗೆ ಮಧ್ಯಾಹ್ನ. ಇಸಿಜಿಯಲ್ಲಿ ಖಚಿತವಾದ ಮೇಲೆ 120 ನಿಮಿಷದೊಳಗೆ ಆಂಜಿಯೋಪ್ಲಾಸ್ಟಿ (ಬಲೂನಿನಿಂದ ನಾಳ ತೆರೆಯುವುದು) ಆಗುವಂತಿದ್ದರೆ ಅದೇ ಉತ್ತಮ, ಆಗದಿದ್ದರೆ ಕಾಯದೆ ಇಂಜೆಕ್ಷನ್ ಕೊಡಬೇಕು ಎಂಬುದು ಲೋಕಮಾನ್ಯ ನಿಯಮ. ಪುನೀತ್ ರಾಜ್‌ಕುಮಾರ್ ಹೃದಯ ಜ್ಯೋತಿ ಯೋಜನೆಯಲ್ಲಿ ತಾಲ್ಲೂಕು ಆಸ್ಪತ್ರೆಗಳಿಗೆ ಟೆನೆಕ್ಟೆಪ್ಲೇಸ್ ಇಂಜೆಕ್ಷನ್ ಉಚಿತವಾಗಿ ಬಂದಿರುವುದು ನಿಮ್ಮಂಥ ಊರಿನವರಿಗಾಗಿಯೇ. 60ರಿಂದ 70 ಕಿಲೋ ತೂಕದವರಿಗೆ 35 ಮಿಲಿಗ್ರಾಂ, ಒಂದೇ ಏಟಿಗೆ ಹತ್ತು ಸೆಕೆಂಡಿನೊಳಗೆ ರಕ್ತನಾಳಕ್ಕೆ. ನೋವು ಶುರುವಾಗಿ ಮೊದಲ ಮೂರು ಗಂಟೆಯಲ್ಲಿ ಅದು ಚೆನ್ನಾಗಿ ಕೆಲಸ ಮಾಡುತ್ತದೆ, ಆಮೇಲೆ ಹೆಪ್ಪು ಗಟ್ಟಿಯಾದಷ್ಟೂ ಅದರ ಶಕ್ತಿ ಕುಗ್ಗುತ್ತದೆ. ನಿಮ್ಮ ತಂದೆಯವರಿಗೆ ಸಿಕ್ಕಿದ್ದು ಸರಿಯಾಗಿ ಆ ಮೂರು ಗಂಟೆಯ ಅಂಚಿನಲ್ಲಿ. ಕಷಾಯ ಕುಡಿಸುತ್ತ ಕಳೆದ ಎರಡು ಗಂಟೆಯೂ ಸಿಕ್ಕಿದ್ದರೆ ಪಂಪಿಂಗ್, ಅಂದರೆ ಕೆಳಕೋಣೆ ಪ್ರತಿ ಬಡಿತಕ್ಕೆ ಹೊರದೂಡುವ ರಕ್ತದ ಪಾಲು, ಇನ್ನಷ್ಟು ಉಳಿಯುತ್ತಿತ್ತು. ನಿಮ್ಮನ್ನು ನೋಯಿಸಲು ಹೇಳುತ್ತಿಲ್ಲ, ಮನೆಯಲ್ಲಿ ಇನ್ನೊಬ್ಬರಿಗೆ ಹೀಗಾದರೆ ಗೊತ್ತಿರಲಿ ಎಂದು ಹೇಳುತ್ತಿದ್ದೇನೆ.

ಆ ಇಂಜೆಕ್ಷನ್ನಿಗೆ ಅಪಾಯವೇ ಇಲ್ಲವೆಂದಲ್ಲ. ನೂರರಲ್ಲಿ ಸುಮಾರು ಒಬ್ಬರಿಗೆ ಮಿದುಳಿನೊಳಗೆ ರಕ್ತಸ್ರಾವ ಆಗಬಹುದು, 75 ದಾಟಿದವರಲ್ಲಿ ಇನ್ನೂ ಹೆಚ್ಚು, ಹಾಗಾಗಿ ಅವರಿಗೆ ಅರ್ಧ ಡೋಸ್ ಸಾಕು ಎನ್ನುತ್ತೇವೆ. ಈಚೆಗೆ ಪಾರ್ಶ್ವವಾಯು ಆದವರಿಗೆ, ತಲೆಗೆ ಪೆಟ್ಟು ಬಿದ್ದವರಿಗೆ, ಹೊಟ್ಟೆಯಲ್ಲಿ ರಕ್ತ ಸೋರುತ್ತಿರುವವರಿಗೆ ಕೊಡುವುದಿಲ್ಲ. ಆದರೆ ಬಡಿತ ಹದ ತಪ್ಪುವುದು ಇಂಜೆಕ್ಷನ್ನಿನ ವಿಷವಲ್ಲ. ಬಲೂನಿನಿಂದ ತೆರೆದರೂ ಹಾಗೇ ಆಗುತ್ತದೆ. ಯಾವ ಔಷಧಿಯೂ ಇಲ್ಲದೆ ಹೆಪ್ಪು ತಾನಾಗಿ ಕರಗಿದರೂ ಆಗುತ್ತದೆ. ರಕ್ತ ಮರಳಿ ಬಂದದ್ದೇ ಅದಕ್ಕೆ ಕಾರಣ.

ರಕ್ತ ಬಂದರೆ ಒಳ್ಳೆಯದಾಗಬೇಕು, ಬಡಿತ ಏಕೆ ಕೆಡಬೇಕು ಎಂದು ಕೇಳುತ್ತೀರಿ. ರಕ್ತ ನಿಂತಾಗ ಆ ಭಾಗದ ಸ್ನಾಯುವಿನ ಕೋಶಗಳಿಗೆ ಆಮ್ಲಜನಕವಿಲ್ಲ. ಅವು ಸಕ್ಕರೆಯನ್ನು ಅರೆಬರೆ ಉರಿಸಿಕೊಂಡು ಜೀವ ಹಿಡಿದಿರುತ್ತವೆ. ಅದರಿಂದ ಲ್ಯಾಕ್ಟಿಕ್ ಆಮ್ಲ ಒಳಗೂ ಹೊರಗೂ ತುಂಬಿಕೊಳ್ಳುತ್ತದೆ, ಪೊಟ್ಯಾಸಿಯಂ ಕೋಶದಿಂದ ಹೊರಗೆ ಸೋರುತ್ತದೆ, ಸೋಡಿಯಂ ಒಳಗೆ ಸೇರುತ್ತದೆ. ಈಗ ಹೆಪ್ಪು ಕರಗಿ ರಕ್ತ ನುಗ್ಗಿತು ಎನ್ನಿ. ಕೋಶದ ಹೊರಗಿನ ಆಮ್ಲ ಕ್ಷಣಮಾತ್ರದಲ್ಲಿ ತೊಳೆದುಹೋಗುತ್ತದೆ, ಒಳಗಿನದು ಹಾಗೇ ಉಳಿದಿರುತ್ತದೆ. ಆ ಏರುಪೇರಿನಲ್ಲಿ ಕೋಶ ಒಳಗಿನ ಆಮ್ಲವನ್ನು ಹೊರಹಾಕುತ್ತ ಬದಲಿಗೆ ಸೋಡಿಯಂ ಅನ್ನು ಒಳಗೆಳೆದುಕೊಳ್ಳುತ್ತದೆ. ಮಿತಿಮೀರಿದ ಸೋಡಿಯಂ ಅನ್ನು ಹೊರಹಾಕಲು ಕ್ಯಾಲ್ಸಿಯಂ ಅನ್ನು ಒಳಗೆ ಬಿಟ್ಟುಕೊಳ್ಳುತ್ತದೆ. ಕೋಶದೊಳಗಿನ ಕ್ಯಾಲ್ಸಿಯಂ ಉಗ್ರಾಣ ತುಂಬಿ ತುಳುಕುತ್ತದೆ, ಹೊತ್ತಲ್ಲದ ಹೊತ್ತಿನಲ್ಲಿ ಬುಳುಕ್ಕನೆ ಚೆಲ್ಲುತ್ತದೆ. ಹಾಗೆ ಚೆಲ್ಲಿದಾಗಲೆಲ್ಲ ಒಂದು ಸಣ್ಣ ವಿದ್ಯುತ್ ತರಂಗ ಹುಟ್ಟುತ್ತದೆ, ಅದು ಸಾಕಷ್ಟು ದೊಡ್ಡದಾದರೆ ಮೇಲಿನಿಂದ ಅಪ್ಪಣೆ ಬರುವ ಮೊದಲೇ ಹೃದಯದ ಕೆಳಕೋಣೆ ತಾನೇ ಬಡಿದುಬಿಡುತ್ತದೆ. ಇದರ ಜೊತೆಗೆ ಒಂದು ಕಡೆಯ ಕೋಶಗಳು ಬೇಗ ಚೇತರಿಸಿಕೊಂಡಿರುತ್ತವೆ, ಪಕ್ಕದವು ಇನ್ನೂ ಮಂಕಾಗಿರುತ್ತವೆ. ವಿದ್ಯುತ್ ತರಂಗ ಮಂಕಾದ ಜಾಗವನ್ನು ಬಳಸಿ ಸುತ್ತಿಕೊಂಡು ಬಂದು ಹೊರಟಲ್ಲಿಗೇ ಮುಟ್ಟಿದರೆ ಸುಳಿ ಏಳುತ್ತದೆ. ಅಪಾಯದ ಲಯಗಳು ಹೆಚ್ಚಾಗಿ ಈ ಸುಳಿಯಿಂದ.

ಬ್ಲಾಸಮ್ ಶವರ್‌ಗೆಂದು (ಕಾಫಿ ಹೂವರಳಲು ಹಾಯಿಸುವ ನೀರು) ತಿಂಗಳುಗಟ್ಟಲೆ ಖಾಲಿ ಬಿದ್ದ ಸ್ಪ್ರಿಂಕ್ಲರ್ ಪೈಪಿಗೆ ಮೋಟಾರು ಹಾಕಿದಾಗ ಮೊದಲು ಗಾಳಿ, ಕೆಸರು ಕಕ್ಕಿ, ಪೈಪು ಒದ್ದಾಡಿ, ಆಮೇಲೆ ಜೆಟ್ ಹದಕ್ಕೆ ಬರುವುದನ್ನು ನೀವು ನೋಡಿರುತ್ತೀರಿ. ಆ ಒದ್ದಾಟ ಕಂಡು ಯಾರೂ ಮೋಟಾರು ನಿಲ್ಲಿಸುವುದಿಲ್ಲ.

ಹಾಗಾದರೆ ನಿಧಾನವಾಗಿ ಬಿಟ್ಟರೆ ಆಗದೇ ಎಂಬ ಪ್ರಶ್ನೆ ವಿಜ್ಞಾನಿಗಳಿಗೂ ಬಂದಿತ್ತು. ಬಲೂನನ್ನು ಬಿಟ್ಟು ಬಿಟ್ಟು ಉಬ್ಬಿಸಿ ರಕ್ತವನ್ನು ಕಂತು ಕಂತಾಗಿ ಹರಿಸುವ ಪ್ರಯೋಗ ಪ್ರಾಣಿಗಳಲ್ಲಿ ಚೆನ್ನಾಗಿ ಫಲಿಸಿತು. ಮನುಷ್ಯರಲ್ಲಿ ದೊಡ್ಡ ಪ್ರಮಾಣದಲ್ಲಿ ಪರೀಕ್ಷಿಸಿದಾಗ ಹೇಳಿಕೊಳ್ಳುವಂಥ ಲಾಭ ಕಾಣಲಿಲ್ಲ. ರಕ್ತ ಮರಳಿದಾಗಿನ ಹಾನಿ ತಗ್ಗಿಸಲೆಂದು ಸೈಕ್ಲೋಸ್ಪೋರಿನ್ ಔಷಧಿಯನ್ನು 2015ರಲ್ಲಿ ಪ್ರಕಟವಾದ ದೊಡ್ಡ ಅಧ್ಯಯನದಲ್ಲಿ ಪರೀಕ್ಷಿಸಿದರು, ಅದೂ ಕೈಹಿಡಿಯಲಿಲ್ಲ. ಇವತ್ತಿಗೆ ನಮ್ಮ ಕೈಲಿರುವ ಉತ್ತಮ ದಾರಿ ಬೇಗ ತೆರೆಯುವುದು, ಪೂರ್ತಿ ತೆರೆಯುವುದು, ತೆರೆದ ಮೇಲೆ ಮಾನಿಟರಿನ ಮುಂದೆ ಎಚ್ಚರವಾಗಿರುವುದು.

ಇನ್ನು ಅಂದು ಕಂಡ ಮೊದಲ ಘಟನೆ. ಮಾನಿಟರಿನಲ್ಲಿ ಅಗಲ ಗೆರೆ, ಬಡಿತ 85, ರಕ್ತದೊತ್ತಡ ಸರಿ, ರೋಗಿ ಮಾತಾಡುತ್ತಿದ್ದಾರೆ, ನೋವು ಇಳಿಯುತ್ತಿದೆ. ಇದಕ್ಕೆ ನಾವು ಎಐವಿಆರ್ ಎನ್ನುತ್ತೇವೆ. ಕೆಳಕೋಣೆಯ ವಿದ್ಯುತ್ ತಂತುಗಳು ಸ್ವಲ್ಪ ಹೊತ್ತು ತಾವೇ ಯಜಮಾನಿಕೆ ವಹಿಸಿಕೊಂಡು ನಿಮಿಷಕ್ಕೆ ಸುಮಾರು 50ರಿಂದ 110-120ರ ವೇಗದಲ್ಲಿ ಬಡಿಯುತ್ತವೆ. ಕೆಲವು ಸೆಕೆಂಡು, ಕೆಲವು ನಿಮಿಷ ಇದ್ದು ಮೇಲಿನ ಸಹಜ ಲಯಕ್ಕೆ ಜಾಗ ಬಿಡುತ್ತವೆ. ನೋವು ಇಳಿಯುವುದು, ಇಸಿಜಿಯಲ್ಲಿ ಎದ್ದ ಎಸ್‌ಟಿ ಗೆರೆ 60ರಿಂದ 90 ನಿಮಿಷದಲ್ಲಿ ಅರ್ಧಕ್ಕಿಂತ ಹೆಚ್ಚು ಇಳಿಯುವುದು, ಈ ಲಯ ಕಾಣುವುದು: ಮೂರೂ ಕೂಡಿ ಬಂದರೆ ನಾಳ ತೆರೆದಿರುವ ಸಂಭವ ಹೆಚ್ಚು. ಇದೊಂದೇ ಕಂಡರೆ ಖಾತರಿಯಿಲ್ಲ, ಇದು ಕಾಣದಿದ್ದರೆ ನಾಳ ತೆರೆದಿಲ್ಲ ಎಂದೂ ಅಲ್ಲ. ಇದನ್ನು ಔಷಧಿ ಕೊಟ್ಟು ಅಡಗಿಸಲು ಹೋದರೆ ಅಪಾಯವೇ ಹೆಚ್ಚು. ಆ ಹೊತ್ತಿನಲ್ಲಿ ಹೃದಯವನ್ನು ನಡೆಸುತ್ತಿರುವುದು ಆ ಲಯವೇ ಆಗಿರಬಹುದು, ಅದನ್ನು ನಿಲ್ಲಿಸಿದರೆ ಬಡಿತವೇ ನಿಂತೀತು. ಸಕಲೇಶಪುರದ ವೈದ್ಯರು ಸುಮ್ಮನಿದ್ದದ್ದು ತಿಳಿದು ಸುಮ್ಮನಿದ್ದದ್ದು. ಅಗಲ ಗೆರೆ ಕಂಡ ತಕ್ಷಣ ಗಾಬರಿಯಾಗಿ ಏನಾದರೂ ಚುಚ್ಚುವುದು ಸುಲಭ, ಕೈಕಟ್ಟಿ ನೋಡುತ್ತ ನಿಲ್ಲುವುದಕ್ಕೆ ಅನುಭವ ಬೇಕು.

ಎರಡನೆಯದು ಬೇರೆ ಜಾತಿ. ಹನ್ನೊಂದು ಗಂಟೆಗೆ ಆದದ್ದು, ನಿಮ್ಮ ವಿವರಣೆಯಂತೆ, ವೆಂಟ್ರಿಕ್ಯುಲರ್ ಫಿಬ್ರಿಲೇಶನ್. ಕೆಳಕೋಣೆ ಬಡಿಯುವುದನ್ನು ಬಿಟ್ಟು ಅದುರತೊಡಗುತ್ತದೆ, ರಕ್ತ ಮುಂದೆ ಹೋಗುವುದಿಲ್ಲ, ಹತ್ತಿಪ್ಪತ್ತು ಸೆಕೆಂಡಿನಲ್ಲಿ ಪ್ರಜ್ಞೆ ಹೋಗುತ್ತದೆ. ಇದಕ್ಕೆ ಮದ್ದು ಶಾಕ್ ಒಂದೇ. ದೊಡ್ಡ ಹೃದಯಾಘಾತವಾದ ನೂರು ಜನರಲ್ಲಿ ಸುಮಾರು ಐದರಿಂದ ಹತ್ತು ಮಂದಿಗೆ ಮೊದಲ ಎರಡು ದಿನದಲ್ಲಿ ಇದೋ ಇದರ ಹತ್ತಿರದ ಲಯವೋ ಬರುತ್ತದೆ. ಅದು ಮನೆಯಲ್ಲೋ ಜೀಪಿನಲ್ಲೋ ಆಗಿದ್ದರೆ ಏನಾಗುತ್ತಿತ್ತೆಂದು ಬಿಡಿಸಿ ಹೇಳಬೇಕಿಲ್ಲ. ಹೃದಯಾಘಾತದ ರೋಗಿಯನ್ನು ಒಂದೆರಡು ದಿನ ಕಡ್ಡಾಯವಾಗಿ ಮಾನಿಟರಿಗೆ ಹಾಕಿ ಕೂರಿಸುವುದು ಈ ಒಂದು ಕಾರಣಕ್ಕೆ. 'ನೋವು ಹೋಯ್ತಲ್ಲ, ಮನೆಗೆ ಹೋಗ್ತೀವಿ' ಎಂದು ಸಹಿ ಹಾಕಿ ಹೊರಡುವವರನ್ನು ಕಂಡರೆ ಹೊಟ್ಟೆ ಉರಿಯುತ್ತದೆ.

ಇಲ್ಲಿ ಗಮನಿಸಬೇಕಾದ ಗೆರೆ 48 ಗಂಟೆ. ಆ ಗೆರೆಯೊಳಗೆ ಬಂದ ಫಿಬ್ರಿಲೇಶನ್ನಿಗೆ ಕಾರಣ ಈಗತಾನೆ ಹೇಳಿದ ರಸಾಯನದ ಗೊಂದಲ. ಅದು ತಾತ್ಕಾಲಿಕ. ಆ ಘಳಿಗೆಯಲ್ಲಿ ಅದು ಜೀವಕ್ಕೆ ಅಪಾಯ, ಆಸ್ಪತ್ರೆಯಲ್ಲಿರುವಷ್ಟು ದಿನ ಅಂಥವರಿಗೆ ಅಪಾಯ ಉಳಿದವರಿಗಿಂತ ಹೆಚ್ಚೂ ಹೌದು. ಆದರೆ ಉಳಿದು ಮನೆಗೆ ಹೋದ ಮೇಲೆ ಅವರ ಮುಂದಿನ ವರ್ಷಗಳು ಅದು ಬಾರದವರಿಗಿಂತ ತೀರಾ ಬೇರೆಯಾಗಿರುವುದಿಲ್ಲ. 48 ಗಂಟೆ ಕಳೆದ ಮೇಲೆ, ಹೊಸ ಬ್ಲಾಕ್ ಇಲ್ಲದೆ, ಪೊಟ್ಯಾಸಿಯಂ ಸರಿಯಿದ್ದೂ ಬಂದರೆ ಕತೆ ಬೇರೆ: ಅಲ್ಲಿ ಸತ್ತ ಸ್ನಾಯು ಕಲೆಗಟ್ಟಿ, ಆ ಕಲೆಯ ಅಂಚಿನಲ್ಲಿ ಶಾಶ್ವತ ಸುಳಿದಾರಿ ಉಂಟಾಗಿರುತ್ತದೆ, ಅದು ಮತ್ತೆ ಮತ್ತೆ ಬರುತ್ತದೆ. ನಿಮ್ಮ ತಂದೆಯವರಿಗೆ ಬಂದದ್ದು ನೋವು ಶುರುವಾದ ಐದೂವರೆ ಗಂಟೆಯಲ್ಲಿ. ಡಿಸ್ಚಾರ್ಜ್ ಸಮ್ಮರಿಯಲ್ಲಿ ಆ ಶಾಕಿನ ದಿನಾಂಕ, ಗಂಟೆ ಬರೆದಿದೆಯೇ ನೋಡಿ. ಇಲ್ಲದಿದ್ದರೆ ಬರೆಸಿಕೊಳ್ಳಿ. ಮುಂದೆ ಯಾವ ಆಸ್ಪತ್ರೆಗೆ ಹೋದರೂ ಮೊದಲು ಕೇಳುವ ವಿಷಯ ಅದು.

ಇದೇ ತೊಂದರೆ ಕೆಳಗೋಡೆಯ ಹೃದಯಾಘಾತದವರಲ್ಲಿ ಬೇರೆ ವೇಷದಲ್ಲಿ ಬರುತ್ತದೆ. ಬಲಗಡೆಯ ನಾಳ ತೆರೆದ ತಕ್ಷಣ ನಾಡಿ ನಲವತ್ತಕ್ಕೆ, ಒತ್ತಡ ಎಂಬತ್ತಕ್ಕೆ ಕುಸಿದು, ವಾಂತಿ ಬಂದು, ಮುಖ ಬಿಳುಚಿಕೊಳ್ಳುತ್ತದೆ. ಅದು ನರದ ಪ್ರತಿಕ್ರಿಯೆ. ಕಾಲು ಎತ್ತರಿಸಿ, ಸಲೈನ್ ಹರಿಸಿ, ನಾಡಿ ಏರಿಸುವ ಅಟ್ರೋಪಿನ್ ಕೊಟ್ಟರೆ ಬಹುಪಾಲು ಸರಿಹೋಗುತ್ತದೆ. ಕೆಲವರಿಗೆ ಹಾರ್ಟ್ ಬ್ಲಾಕ್ (ರಕ್ತನಾಳದ ಬ್ಲಾಕ್ ಅಲ್ಲ, ಮೇಲಿನ ವಿದ್ಯುತ್ ಅಪ್ಪಣೆ ಕೆಳಕೋಣೆಗೆ ಇಳಿಯದಿರುವುದು) ಆಗಿ ಒಂದೆರಡು ದಿನ ತಾತ್ಕಾಲಿಕ ಪೇಸ್‌ಮೇಕರ್ ತಂತಿ ಇಡಬೇಕಾಗುತ್ತದೆ, ತಾನಾಗಿ ಬಿಟ್ಟುಹೋಗುತ್ತದೆ. ಮುಂಗೋಡೆಯ ಹೃದಯಾಘಾತದಲ್ಲಿ ಹಾರ್ಟ್ ಬ್ಲಾಕ್ ಬಂದರೆ ಮಾತ್ರ ಅದು ಭಾರೀ ಹಾನಿಯ ಸೂಚನೆ. ನಿಮ್ಮ ತಂದೆಯವರಿಗೆ ಅದು ಬಂದಿಲ್ಲ, ಹಾಗಾಗಿ ಪೇಸ್‌ಮೇಕರ್ ಎಂಬ ಮಾತಿಗೆ ಇಲ್ಲಿ ಜಾಗವೇ ಇಲ್ಲ.

ಈಗ ಮಾತ್ರೆಗಳ ವಿಷಯ. ನೀವು ಕಳಿಸಿದ ಚೀಟಿಯಲ್ಲಿ ಆಸ್ಪಿರಿನ್, ಕ್ಲೊಪಿಡೊಗ್ರೆಲ್ 75, ಅಟೊರ್ವಾಸ್ಟಾಟಿನ್, ಮೆಟೊಪ್ರೊಲಾಲ್ 25 ಎರಡು ಹೊತ್ತು, ರಾಮಿಪ್ರಿಲ್ 2.5, ಸ್ಪೈರೊನೊಲ್ಯಾಕ್ಟೋನ್ 25, ಹಾಳು ಲಯ ಅಡಗಿಸುವ ಅಮಿಯೊಡಾರೋನ್ 200 ಇವೆ. ಮೆಟೊಪ್ರೊಲಾಲನ್ನು ನೀವಾಗಿ ನಿಲ್ಲಿಸಬೇಡಿ. ಹಠಾತ್ತಾಗಿ ನಿಲ್ಲಿಸಿದರೆ ಅಡ್ರಿನಲಿನ್ ಹೃದಯದ ಮೇಲೆ ಒಮ್ಮೆಗೇ ಎರಗುತ್ತದೆ, ಹಾಳು ಲಯಗಳು ಬರುವುದು ಆಗಲೇ. ಎದ್ದು ಓಡಾಡುವಾಗ ತಲೆ ಸುತ್ತದಿದ್ದರೆ, ಮೇಲಿನ ಒತ್ತಡ ನೂರರ ಮೇಲಿದ್ದರೆ ನಾಡಿ 54 ಸಮಸ್ಯೆಯಲ್ಲ, ಔಷಧಿ ಕೆಲಸ ಮಾಡುತ್ತಿರುವುದಕ್ಕೆ ಸಾಕ್ಷಿ. 50ಕ್ಕಿಂತ ಇಳಿದರೆ, ಕಣ್ಣು ಕತ್ತಲಿಟ್ಟರೆ ಅದೇ ದಿನ ವೈದ್ಯರನ್ನು ಕಾಣಿ. ಆಗ ಮೊದಲು ಕೈ ಹಾಕಬೇಕಾದ್ದು ಅಮಿಯೊಡಾರೋನ್‌ಗೆ ಎಂದು ನನ್ನ ಅಭಿಪ್ರಾಯ, ಏಕೆಂದರೆ ಅದೂ ನಾಡಿಯನ್ನು ಇಳಿಸುತ್ತದೆ.

ಅಮಿಯೊಡಾರೋನ್ ಬಗ್ಗೆ ಸ್ವಲ್ಪ ಹೆಚ್ಚೇ ಹೇಳಬೇಕು. ಶಾಕ್ ಆದ ಮೇಲೆ ಕೆಲವು ದಿನ ಕೊಡುವುದು ರೂಢಿ, ತಪ್ಪಲ್ಲ. ಆದರೆ 'ಎಲ್ಲಿಯವರೆಗೆ' ಎಂದು ಬರೆಯುವುದನ್ನು ಮರೆತು ಅದು ವರ್ಷಗಟ್ಟಲೆ ಚೀಟಿಯಿಂದ ಚೀಟಿಗೆ ಸಾಗುತ್ತದೆ. ಅದು ಥೈರಾಯ್ಡ್ ಕೆಡಿಸಬಹುದು, ಶ್ವಾಸಕೋಶ, ಯಕೃತ್ತಿಗೆ ಹಾನಿ ಮಾಡಬಹುದು, ಬಿಸಿಲಿಗೆ ಚರ್ಮ ಸುಡುವಂತೆ ಮಾಡುತ್ತದೆ. ಮೊದಲ 48 ಗಂಟೆಯ ಫಿಬ್ರಿಲೇಶನ್ ಒಂದೇ ಕಾರಣಕ್ಕೆ ಅದನ್ನು ಉದ್ದಕ್ಕೆ ನುಂಗಿದರೆ ಆಯುಷ್ಯ ಹೆಚ್ಚುತ್ತದೆ ಎನ್ನಲು ಆಧಾರವಿಲ್ಲ. ಮುಂದಿನ ಭೇಟಿಯಲ್ಲಿ 'ಇದು ಇನ್ನೂ ಬೇಕೇ?' ಎಂದು ನೇರವಾಗಿ ಕೇಳಿ. ಮುಂದುವರಿಸುವುದಾದರೆ ಆರು ತಿಂಗಳಿಗೊಮ್ಮೆ ಥೈರಾಯ್ಡ್, ಯಕೃತ್ತಿನ ರಕ್ತಪರೀಕ್ಷೆ ಆಗಲೇಬೇಕು.

'ತಪ್ಪು ಬಡಿತ ಕಂಡರೆ ಅದನ್ನು ಅಡಗಿಸುವ ಮಾತ್ರೆ ಕೊಡಿ' ಎಂಬುದು ಕೇಳಲು ನ್ಯಾಯವೆನಿಸುತ್ತದೆ. ವೈದ್ಯರೂ ಒಂದು ಕಾಲಕ್ಕೆ ಹಾಗೇ ನಂಬಿದ್ದರು. ಹೃದಯಾಘಾತದ ನಂತರ ಹೆಚ್ಚುವರಿ ಬಡಿತ ಇರುವವರಿಗೆ ಎನ್ಕೈನೈಡ್, ಫ್ಲೆಕೈನೈಡ್ ಕೊಟ್ಟು ನೋಡಿದ ಕಾಸ್ಟ್ ಅಧ್ಯಯನದ ಆ ಭಾಗವನ್ನು 1989ರಲ್ಲಿ ಅರ್ಧಕ್ಕೇ ನಿಲ್ಲಿಸಬೇಕಾಯಿತು. ಮಾತ್ರೆ ತೆಗೆದುಕೊಂಡವರ ಇಸಿಜಿ ಸ್ವಚ್ಛವಾಗಿತ್ತು, ಸತ್ತವರ ಸಂಖ್ಯೆ ಮಾತ್ರ ಅವರಲ್ಲೇ ಹೆಚ್ಚಿತ್ತು. ಮುಂಜಾಗ್ರತೆಗೆಂದು ಎಲ್ಲರಿಗೂ ಲಯ ಅಡಗಿಸುವ ಲಿಡೊಕೈನ್ ಇಂಜೆಕ್ಷನ್ ಹಾಕುತ್ತಿದ್ದ ಪದ್ಧತಿಯೂ ಹೀಗೇ ಬಿದ್ದುಹೋಯಿತು: ಫಿಬ್ರಿಲೇಶನ್ ಕಡಿಮೆಯಾಯಿತು, ಜೀವ ಉಳಿಯುವುದು ಹೆಚ್ಚಲಿಲ್ಲ. ಇವತ್ತು ನಾವು ಚಿಕಿತ್ಸೆ ಕೊಡುವುದು ರೋಗಿಗೆ, ಮಾನಿಟರಿನ ಗೆರೆಗಲ್ಲ.

ಬಡಿತವನ್ನು ಹದದಲ್ಲಿಡುವ ಇನ್ನೊಂದು ವಿಷಯ ಪೊಟ್ಯಾಸಿಯಂ. ಅದು 4ರಿಂದ 5ರ ನಡುವೆ ಇರಬೇಕು. ಇಳಿದರೂ ಅಪಾಯ, 5.5 ದಾಟಿದರೂ ಅಪಾಯ. ರಾಮಿಪ್ರಿಲ್, ಸ್ಪೈರೊನೊಲ್ಯಾಕ್ಟೋನ್ ಎರಡೂ ಅದನ್ನು ಏರಿಸುತ್ತವೆ. ಇವು ಶುರುವಾಗಿ ಒಂದು ವಾರಕ್ಕೆ ಒಮ್ಮೆ, ಒಂದು ತಿಂಗಳಿಗೆ ಮತ್ತೊಮ್ಮೆ ಪೊಟ್ಯಾಸಿಯಂ, ಕ್ರಿಯಾಟಿನಿನ್ (ಮೂತ್ರಪಿಂಡದ ಪರೀಕ್ಷೆ) ನೋಡಲೇಬೇಕು. ಮೂರು ವಾರವಾಯಿತು, ನೀವು ಪರೀಕ್ಷೆಯ ಮಾತೇ ಎತ್ತಿಲ್ಲ, ಆಗಿರದಿದ್ದರೆ ನಾಳೆಯೇ ಮಾಡಿಸಿ. 'ಹೃದಯಕ್ಕೆ ತಂಪು' ಎಂದು ದಿನಕ್ಕೆ ಎರಡು ಮೂರು ಎಳನೀರು ಕುಡಿಸುವವರು ನಮ್ಮ ಜಿಲ್ಲೆಯಲ್ಲಿ ಬಹಳ. ಎಳನೀರಿನಲ್ಲಿ ಪೊಟ್ಯಾಸಿಯಂ ತುಂಬಿರುತ್ತದೆ. ಈ ಎರಡು ಮಾತ್ರೆಗಳ ಮೇಲೆ, ವರದಿ ನೋಡುವ ಮೊದಲು, ಹಾಗೆ ಕುಡಿಸಬೇಡಿ. ಸೋಡಿಯಂ ಕಡಿಮೆ ಎಂದು ಮಾರುವ ಬದಲಿ ಉಪ್ಪಿನಲ್ಲೂ ಇರುವುದು ಪೊಟ್ಯಾಸಿಯಮ್ಮೇ, ಅದೂ ಬೇಡ. ಭೇದಿ, ವಾಂತಿ ಆದ ದಿನ ಮಾತ್ರೆ ಹೇಗೆ ತೆಗೆದುಕೊಳ್ಳುವುದೆಂದು ಫೋನ್ ಮಾಡಿ ಕೇಳಿ, ರಕ್ತಪರೀಕ್ಷೆ ಮಾಡಿಸಿ.

ಮೆಡಿಕಲ್ ಶಾಪಿನಲ್ಲಿ ತಾವಾಗಿ ತರುವ ಮಾತ್ರೆಗಳಲ್ಲೂ ಎಚ್ಚರ ಬೇಕು. ಗ್ಯಾಸ್ಟ್ರಿಕ್‌ಗೆಂದು ಕೊಡುವ ಪ್ಯಾಂಟೊಪ್ರಜೋಲ್ ಜೊತೆ ಬಹಳ ಸಲ ಡೊಂಪೆರಿಡೋನ್ ಸೇರಿರುತ್ತದೆ. ಅದು ಹೃದಯದ ವಿದ್ಯುತ್ ಚೇತರಿಕೆಯನ್ನು ನಿಧಾನಿಸುತ್ತದೆ, ಅಮಿಯೊಡಾರೋನ್ ಜೊತೆಗೂಡಿದರೆ ಹಾಳು ಲಯಕ್ಕೆ ದಾರಿ. ಬರೀ ಪ್ಯಾಂಟೊಪ್ರಜೋಲ್ ಸಾಕು. ಒಮೆಪ್ರಜೋಲ್ ಕ್ಲೊಪಿಡೊಗ್ರೆಲ್‌ನ ಶಕ್ತಿ ಕುಗ್ಗಿಸುವುದರಿಂದ ಅದು ಬೇಡ. ಕೆಮ್ಮು-ಜ್ವರಕ್ಕೆ ಅಜಿತ್ರೋಮೈಸಿನ್, ಮಂಡಿನೋವಿಗೆ ಡೈಕ್ಲೊಫೆನಾಕ್ ಇವೂ ಕೇಳದೆ ಬೇಡ. ನೋವಿಗೆ ಪ್ಯಾರಾಸಿಟಮಾಲ್ ಸಾಕು.

ರಾತ್ರಿಯ ಬಡಿತ ತಪ್ಪಿದ ಅನುಭವ: ಒಂದು ಬಡಿತ ಮೊದಲೇ ಬಂದು, ಅದರ ಹಿಂದೆ ಚಿಕ್ಕ ಬಿಡುವು, ಆಮೇಲೆ ಧಡ್ ಎಂದು ಜೋರು ಬಡಿತ. ಎಡಮಗ್ಗುಲಲ್ಲಿ ಮಲಗಿದಾಗ ಇನ್ನೂ ಚೆನ್ನಾಗಿ ಗೊತ್ತಾಗುತ್ತದೆ. ಒಂಟೊಂಟಿ ಹೆಚ್ಚುವರಿ ಬಡಿತ ಹೃದಯಾಘಾತದ ನಂತರದ ವಾರಗಳಲ್ಲಿ ಸಾಮಾನ್ಯ. ಹಾಗಾದಾಗ ಮಣಿಕಟ್ಟಿನ ನಾಡಿಯನ್ನು 30 ಸೆಕೆಂಡು ಎಣಿಸಿ ಎರಡರಿಂದ ಗುಣಿಸಿ, ಹೊತ್ತಿನೊಂದಿಗೆ ಒಂದು ನೋಟ್‌ಬುಕ್ಕಿನಲ್ಲಿ ಬರೆದಿಡಿ. ದಿನವೂ ಆಗುತ್ತಿದ್ದರೆ 24 ಗಂಟೆಯ ಹೋಲ್ಟರ್ (ಮೈಗೆ ಕಟ್ಟಿಕೊಳ್ಳುವ ಇಸಿಜಿ) ಮಾಡಿಸಬಹುದು, ಆದರೆ ವರದಿಯಲ್ಲಿ 'ಇಷ್ಟು ನೂರು ಹೆಚ್ಚುವರಿ ಬಡಿತ' ಎಂದು ಕಂಡು ಕಂಗಾಲಾಗಬೇಡಿ. ಬೇರೆ ಲಕ್ಷಣಗಳಿಗೆ ಮಾತ್ರ ಕಾಯಬಾರದು: ಅರ್ಧ ನಿಮಿಷಕ್ಕೂ ಮೇಲೆ ಒಂದೇ ಸಮ ಓಡುವ ಬಡಿತ, ಅದರ ಜೊತೆ ಕಣ್ಣು ಕತ್ತಲಿಡುವುದು, ಬೆವರು, ಎದೆನೋವು, ಮಲಗಿದರೆ ಉಸಿರುಗಟ್ಟಿ ಎದ್ದು ಕೂರುವುದು. ಇವು ಕಂಡರೆ ರಾತ್ರಿ ಎರಡಾಗಿದ್ದರೂ ಆಸ್ಪತ್ರೆಗೆ. ನಾಡಿ ಹಿಡಿದಾಗ ಪೂರಾ ಅಡ್ಡಾದಿಡ್ಡಿಯಾಗಿ, ಯಾವ ತಾಳಕ್ಕೂ ಸಿಗದಂತೆ ಇದ್ದರೆ ಅದು ಏಟ್ರಿಯಲ್ ಫಿಬ್ರಿಲೇಶನ್, ಅಂದರೆ ಮೇಲುಕೋಣೆಯ ಅದುರುವಿಕೆ ಇರಬಹುದು. ಆ ಹೊತ್ತಿನ ಒಂದು ಇಸಿಜಿ ಹಾಳೆ ಬೆಲೆಬಾಳುವಂಥದ್ದು, ಏಕೆಂದರೆ ಪಾರ್ಶ್ವವಾಯು ತಡೆಯಲು ರಕ್ತ ತೆಳುಮಾಡುವ ಬೇರೆ ಔಷಧಿ ಬೇಕೇ ಎಂಬುದು ಅದರ ಮೇಲೆ ನಿಂತಿದೆ.

ಯಂತ್ರದ ವಿಷಯಕ್ಕೆ ಬರೋಣ. ನಿಧಾನ ಬಡಿತವನ್ನು ಎತ್ತಿ ಹಿಡಿಯುವುದು ಪೇಸ್‌ಮೇಕರ್. ಅಪಾಯದ ಓಟ ಬಂದಾಗ ಒಳಗಿನಿಂದಲೇ ಶಾಕ್ ಕೊಡುವುದು ಐಸಿಡಿ. ನಿಮ್ಮ ತಂದೆಯವರ ಮಟ್ಟಿಗೆ ಚರ್ಚೆಗೆ ಬರಬಹುದಾದ್ದು ಐಸಿಡಿ ಮಾತ್ರ. ಈಗಲೇ ಹಾಕಿಬಿಟ್ಟರೆ ಒಳ್ಳೆಯದಲ್ಲವೇ? ಪಂಪಿಂಗ್ 35 ಅಥವಾ ಅದಕ್ಕೂ ಕಡಿಮೆ ಇದ್ದವರಿಗೆ ಹೃದಯಾಘಾತದ 6ರಿಂದ 40 ದಿನದೊಳಗೆ ಐಸಿಡಿ ಹಾಕಿ ನೋಡಿದ ಡೈನಮಿಟ್ ಅಧ್ಯಯನ 2004ರಲ್ಲಿ ಹೊರಬಂತು. ಲಯ ಕೆಟ್ಟು ಸಾಯುವುದು ಕಡಿಮೆಯಾಯಿತು, ಬೇರೆ ಕಾರಣದ ಸಾವು ಹೆಚ್ಚಿ ಲೆಕ್ಕ ಸಮವಾಯಿತು. ಅದಕ್ಕೇ 40 ದಿನ ಕಾಯುವ ನಿಯಮ. ಸ್ಟೆಂಟ್ ಹಾಕಿದ್ದರೆ ಮೂರು ತಿಂಗಳು. ಕಾಯುವುದಕ್ಕೆ ಇನ್ನೊಂದು ಕಾರಣವಿದೆ. ರಕ್ತ ಮರಳಿದ ಸ್ನಾಯು ಬದುಕಿದ್ದರೂ ಕೆಲವು ದಿನ, ಕೆಲವು ವಾರ ಸ್ತಬ್ಧವಾಗಿರುತ್ತದೆ. ಐದನೇ ದಿನದ ಎಕೋದಲ್ಲಿ 38 ಕಂಡದ್ದು ಆ ಸ್ತಬ್ಧತೆಯನ್ನೂ ಸೇರಿಸಿ. ಔಷಧಿ ಸರಿಯಾಗಿ ನಡೆದರೆ ಎಷ್ಟೋ ಜನರಲ್ಲಿ ಅದು ನಲವತ್ತು ದಾಟುತ್ತದೆ. ಮೂರು ತಿಂಗಳ ಎಕೋದಲ್ಲಿ 35ಕ್ಕೆ ಅಥವಾ ಕೆಳಗೆ ಇಳಿದಿದ್ದು, ನಡೆದಾಗ ದಮ್ಮು ಬರುತ್ತಿದ್ದರೆ, ಇಲ್ಲವೇ ದಮ್ಮು ಇಲ್ಲದಿದ್ದರೂ 30 ಅಥವಾ ಕೆಳಗಿದ್ದರೆ, ಐಸಿಡಿ ಹಾಕಿಸಿಕೊಳ್ಳುವುದು ಸರಿ, ಆಗ ಹಿಂಜರಿಯಬೇಡಿ. ಅದಕ್ಕೂ ಅದರದೇ ತೊಂದರೆಗಳಿವೆ: ಸೋಂಕು, ತಂತಿ ಜಾರುವುದು ಅಥವಾ ಮುರಿಯುವುದು, ಬೇಡದ ಹೊತ್ತಿಗೆ ಬೀಳುವ ಶಾಕ್, ವರ್ಷಗಳ ನಂತರ ಬ್ಯಾಟರಿ ಬದಲಾವಣೆ, ಲಕ್ಷಗಳಲ್ಲಿ ಖರ್ಚು. ಬೇಕಾದವರಿಗೆ ಇದೆಲ್ಲ ತೂಗುತ್ತದೆ, ಬೇಡದವರಿಗೆ ತೂಗುವುದಿಲ್ಲ. ಎಕೋವನ್ನು ಸಾಧ್ಯವಾದರೆ ಮೊದಲು ಮಾಡಿದ ಜಾಗದಲ್ಲೇ ಮಾಡಿಸಿ. ಮಾಡುವವರು ಬದಲಾದರೇ ನಾಲ್ಕೈದು ಅಂಕಿ ಆಚೀಚೆ ಆಗುತ್ತದೆ, 33ಕ್ಕೂ 38ಕ್ಕೂ ನಡುವೆ ನಿಂತಿರುವುದು ದೊಡ್ಡ ತೀರ್ಮಾನ.

ಆಸ್ಪಿರಿನ್, ಕ್ಲೊಪಿಡೊಗ್ರೆಲ್ ಎರಡನ್ನೂ ಒಂದು ವರ್ಷ ಒಂದು ದಿನವೂ ತಪ್ಪಿಸಬೇಡಿ. ಹಲ್ಲು ಕೀಳಿಸುವಾಗಲೂ ಹೃದ್ರೋಗ ವೈದ್ಯರನ್ನು ಕೇಳದೆ ನಿಲ್ಲಿಸಬಾರದು. ಸ್ಟೆಂಟಿನಲ್ಲಿ ಹೆಪ್ಪು ಕಟ್ಟಿದರೆ ಇದೆಲ್ಲ ಮತ್ತೆ ಮೊದಲಿಂದ. ಬೀಡಿ, ಸಿಗರೇಟು ಮನೆಯ ಹೊಸಿಲು ದಾಟಿ ಒಳಗೆ ಬರಬಾರದು. ಕಾಫಿ ಬಿಡಿಸಬೇಕೇ ಎಂದು ತೋಟದವರೆಲ್ಲ ಕೇಳುತ್ತಾರೆ. ದಿನಕ್ಕೆ ಒಂದೆರಡು ಲೋಟ ಕುಡಿದರೆ ಬಡಿತ ಕೆಡುತ್ತದೆ ಎನ್ನಲು ಆಧಾರವಿಲ್ಲ, ಕುಡಿಯಲಿ. ಕುಡಿತ ಬೇರೆ, ಒಂದೇ ರಾತ್ರಿ ಹೆಚ್ಚಾದರೂ ಲಯ ಕೆಡುತ್ತದೆ.

ಮನೆಯ ಮುಂದಿನ ಕಣದಲ್ಲಿ, ಸಮತಟ್ಟಿನಲ್ಲಿ ನಡೆಯಲಿ, ದಿನಕ್ಕೆ ಎರಡು ಸಲ ಹತ್ತು ಹತ್ತು ನಿಮಿಷದಿಂದ ಶುರುವಾಗಿ ವಾರಕ್ಕೆ ಐದೈದು ನಿಮಿಷ ಏರಲಿ. ನಡೆಯುತ್ತ ಮಾತಾಡಲು ಸಾಧ್ಯವಾಗುವಷ್ಟು ವೇಗ ಸಾಕು. ತೋಟದ ಏರು ಹತ್ತುವುದು, ಗೊಬ್ಬರದ ಮೂಟೆ ಎತ್ತುವುದು ಆರು ವಾರದ ತಪಾಸಣೆ ಮುಗಿಯುವವರೆಗೆ ಬೇಡ. ಜೀಪು ಓಡಿಸುವುದೂ ಆವರೆಗೆ ಬೇಡ, ಮುಖ್ಯವಾಗಿ ಘಾಟಿ ರಸ್ತೆಯಲ್ಲಿ. ಫೋನ್ ಸಿಗದ ತೋಟದ ಬ್ಲಾಕುಗಳಿಗೆ ಒಬ್ಬರೇ ಹೋಗಬಾರದು.

ಮತ್ತೆ ಎದೆನೋವು ಬಂದರೆ ಅವರನ್ನು ಕೂರಿಸಿ, ನಿಲ್ಲಿಸಬೇಡಿ. ಸಾರ್ಬಿಟ್ರೇಟ್ 5 ಮಿಲಿಗ್ರಾಂ ಒಂದನ್ನು ನಾಲಿಗೆ ಕೆಳಗೆ ಇಡಿ. ಐದು ನಿಮಿಷದಲ್ಲಿ ನೋವು ಹೋಗದಿದ್ದರೆ 108ಕ್ಕೆ ಕರೆ ಮಾಡಿ, ಅಥವಾ ಅದಕ್ಕಿಂತ ಬೇಗ ಸಿಗುವ ವಾಹನದಲ್ಲಿ ಸಕಲೇಶಪುರದ ಆಸ್ಪತ್ರೆಗೇ ಹೊರಡಿ. ಮೈಸೂರಿಗೆ ಅಲ್ಲ. ಹಳೆಯ ಇಸಿಜಿ ಮತ್ತು ಡಿಸ್ಚಾರ್ಜ್ ಸಮ್ಮರಿಯ ಫೋಟೋ ಮನೆಯ ಎಲ್ಲರ ಮೊಬೈಲಿನಲ್ಲೂ ಇರಲಿ. ಅವರು ಇದ್ದಕ್ಕಿದ್ದಂತೆ ಕುಸಿದು, ಕೂಗಿದರೆ ಓಗೊಡದೆ, ಉಸಿರು ಇಲ್ಲವಾದರೆ ಅಥವಾ ಗೊರಗೊರ ಎಂದು ಎಳೆಯುತ್ತಿದ್ದರೆ, ನೀರು ಚಿಮುಕಿಸುತ್ತ, ಕೈಗೆ ಕಬ್ಬಿಣ ಕೊಡುತ್ತ ಹೊತ್ತು ಕಳೆಯಬೇಡಿ. ಗಟ್ಟಿ ನೆಲದ ಮೇಲೆ ಅಂಗಾತ ಮಲಗಿಸಿ, ಎದೆಯ ನಡುವೆ ಅಂಗೈಯ ಬುಡವಿಟ್ಟು, ಮೊಣಕೈ ಬಗ್ಗಿಸದೆ, ಐದಾರು ಸೆಂಟಿಮೀಟರ್ ಇಳಿಯುವಷ್ಟು ಜೋರಾಗಿ, ನಿಮಿಷಕ್ಕೆ 100ರಿಂದ 120ರಂತೆ ಒತ್ತಿ. ಪ್ರತಿ ಸಲ ಎದೆ ಪೂರ್ತಿ ಮೇಲೇಳಲು ಬಿಡಿ. ಎರಡು ನಿಮಿಷಕ್ಕೊಮ್ಮೆ ಒತ್ತುವವರು ಬದಲಾಗಿ, ಇಲ್ಲದಿದ್ದರೆ ಸುಸ್ತಾಗಿ ಆಳ ಕಡಿಮೆಯಾಗುತ್ತದೆ. ನಿಮ್ಮ ಮನೆಯಲ್ಲಿ ಕನಿಷ್ಠ ಇಬ್ಬರು ಇದನ್ನು ಕೈಯಾರೆ ಕಲಿತಿರಬೇಕು. ಆರು ವಾರದ ತಪಾಸಣೆಗೆ ಹಾಸನಕ್ಕೆ ಬಂದಾಗ ಐಸಿಯು ಸಿಬ್ಬಂದಿಯನ್ನು ಹತ್ತು ನಿಮಿಷ ಕೇಳಿಕೊಂಡರೆ ಬೊಂಬೆಯ ಮೇಲೆ ಮಾಡಿ ತೋರಿಸುತ್ತಾರೆ, ಭಾವನವರನ್ನೂ ಜೊತೆಗೆ ಕರೆದುಕೊಂಡು ಬನ್ನಿ.